ನಾಯಿಗಿಂತ ಕೆಳಗೆ, ಶತ್ರುವಿಗಿಂತ ಮೇಲೆ

ಡೀಸೆಲ್ಲು, ಬೆವರು, ಬಸ್ಸಿನ ಸೀಟಿನ ಧೂಳು, ಬೇರೇನೂ ಇಲ್ಲ, ಇವತ್ತೂ ಇಲ್ಲ — ಗಂಡನ ನಿನ್ನೆಯ ಶರ್ಟನ್ನು ನೆನೆಹಾಕುವ ಮುಂಚೆ ಕಾಲರಿಗೆ ಮೂಗೊತ್ತಿ ನೋಡುವುದು ಅವಳಿಗೀಗ ಹಲ್ಲುಜ್ಜಿದಷ್ಟೇ ಸಹಜ, ನಿನ್ನೆ ಸಂಜೆ ಎಲ್ಲ ಗೊತ್ತಾದ ಮೇಲೂ ಮೂಗು ತನ್ನ ಕೆಲಸ ಬಿಡುವುದಿಲ್ಲ, ಇಷ್ಟು ವರ್ಷ ಲಾಂಡ್ರಿ ನಡೆಸಿದವಳ ಮೂಗು, ಬೀದಿಯವರ ಬಟ್ಟೆಗಂಟು ಬಿಚ್ಚಿದರೆ ಸಾಕು, ಯಾರು ಎಲ್ಲಿ ಕೂತು ಏನು ಕುಡಿದರು ಅಂತ ಹೇಳುತ್ತದೆ, ಮನೆಯವನ ಬಟ್ಟೆಯ ಮುಂದೆ ಮಾತ್ರ ದಂಡ. ಒಂದು ಲಿಪ್‌ಸ್ಟಿಕ್ ಗುರುತಾದರೂ, ಒಂದು ಉದ್ದನೆ ಕೂದಲಾದರೂ ಸಿಕ್ಕಿದ್ದರೆ ಎಷ್ಟು ಚೆನ್ನಾಗಿತ್ತು, ಜುಟ್ಟು ಹಿಡಿದು ಕೇಳಬಹುದಿತ್ತು. ಇಸ್ತ್ರಿಪೆಟ್ಟಿಗೆ ಕಾದಿದೆ, ಬಚ್ಚಲಿನಲ್ಲಿ ನೀರಿನ ಸದ್ದು, ಅವನು ಬರುವಷ್ಟರಲ್ಲಿ ಇವತ್ತಿನ ಡ್ಯೂಟಿ ಶರ್ಟು ಆಗಬೇಕು, ಮೊದಲಾದರೆ ಇಷ್ಟು ಹೊತ್ತಿಗೆ ಒಳಗಿಂದಲೇ ಕೂಗು, ಲೇ, ಶರ್ಟೆಲ್ಲೇ, ಊರವರದ್ದೆಲ್ಲ ಆಗುತ್ತೆ, ನಂದೊಂದು ಬಿಟ್ಟು — ಈಗ ಕೂಗಿಲ್ಲ, ಏನೋ ಗುನುಗುತ್ತಿದ್ದಾನೆ. ಎಲ್ಲ ಶುರುವಾದದ್ದು ಆ ತರಗತಿಯಿಂದ, ಬಸ್ ಡಿಪೋದಲ್ಲಿ ಜೊತೆಯ ಡ್ರೈವರ್ ಯಾರೋ ಹೇಳಿದರಂತೆ, ಬುದ್ಧನ ಮೈತ್ರಿ ಧ್ಯಾನ, ಸಿಟ್ಟು ಇಳಿಯುತ್ತೆ, ಬಿ.ಪಿ. ಇಳಿಯುತ್ತೆ. ಇಳಿಯಿತು. ತಟ್ಟೆ ತಾನೇ ತೊಳೆದಿಟ್ಟ. ಫ್ಯಾನು ಜೋರು ಮಾಡಿದಳು, ಸುಮ್ಮನೆ ಹೊದ್ದು ಮಲಗಿದ, ಫ್ಯಾನಿಗಾಗಿ ಈ ಮನೆಯಲ್ಲಿ ನಡೆದ ಯುದ್ಧಗಳೆಲ್ಲ ಏನಾದವು? ಬೇಕೆಂತಲೇ ಪಲ್ಯಕ್ಕೆ ಉಪ್ಪು ಸುರಿದಳು, ತಿಂದು ಚೆನ್ನಾಗಿದೆ ಅಂದ — ಚೆನ್ನಾಗಿದೆಯಂತೆ! ಅವಳು ಒಂದು ತುತ್ತು ಬಾಯಿಗಿಟ್ಟು ಉಗಿದಳು. ಫೋನಿನಲ್ಲಿ ಅಕ್ಕ, ನೀನೊಬ್ಬಳು ಪೆದ್ದಿ ಕಣೇ, ಗಂಡಸು ಇದ್ದಕ್ಕಿದ್ದ ಹಾಗೆ ಮೆತ್ತಗಾದ ಅಂದ್ರೆ ಎಲ್ಲೋ ಏನೋ ಬೇಯ್ತಿದೆ ಅಂತ, ಸುಮ್ನೆ ಅಳ್ತಾ ಕೂರೋ ಬದಲು ಹೋಗಿ ನೋಡಬಾರದಾ.

ಹೋದಳು, ನಿನ್ನೆ ಸಂಜೆ, ಅಂಗಡಿಯ ಬಾಗಿಲು ಬೇಗ ಎಳೆದು, ತಲೆಯ ಮೇಲೆ ಶಾಲು ಹೊದ್ದು, ಅವನ ಹಿಂದೆಯೇ ಆ ತರಗತಿಯ ಮೆಟ್ಟಿಲು ಹತ್ತಿ, ಚಪ್ಪಲಿ ಗೂಡಿನ ಪಕ್ಕ ಕಂಬದ ಮರೆಯಲ್ಲಿ ಕೂತಳು, ಕಣ್ಣು ಅವನ ಅಕ್ಕಪಕ್ಕದಲ್ಲೇ — ಎಡಕ್ಕೆ ಗೋಡೆ, ಬಲಕ್ಕೆ ಮಂಡಿನೋವಿನ ಮುದುಕ, ಇದೇನಿದು, ಹೆಂಗಸೆಂದರೆ ಎದುರಿಗೆ ಕೂತು ಪಾಠ ಹೇಳುವ ಬೌದ್ಧ ಸನ್ಯಾಸಿನಿ, ಬಿಕ್ಕುಣಿ, ಒಬ್ಬಳೇ, ಅವಳ ತಲೆಯೂ ಬೋಳು. ಕಣ್ಣು ಮುಚ್ಚಿ, ಅಂದಳು ಬಿಕ್ಕುಣಿ, ಮೊದಲು ನಿಮಗೆ ನೀವೇ ಒಳ್ಳೇದು ಬಯಸಿ, ಆಮೇಲೆ ನಿಮ್ಮ ಪ್ರೀತಿಯವರೊಬ್ಬರಿಗೆ, ಆಮೇಲೆ ಬೇಕು ಅಂತಲೂ ಇಲ್ಲ ಬೇಡ ಅಂತಲೂ ಇಲ್ಲ ಅನ್ನೋ ಒಬ್ಬರಿಗೆ, ದಿನಾ ಕಣ್ಣಿಗೆ ಬೀಳ್ತಾರೆ, ಅಷ್ಟೇ, ಅಂಥವರು, ಕೊನೆಗೆ ಕಂಡರಾಗದವರಿಗೆ, ಎಲ್ಲರೂ ಸುಖವಾಗಿರಲಿ, ಎಲ್ಲರೂ ನೆಮ್ಮದಿಯಾಗಿರಲಿ. ಅವಳೂ ಕಣ್ಣು ಮುಚ್ಚಿದಳು, ಮುಚ್ಚದಿದ್ದರೆ ಸಿಕ್ಕಿಬೀಳುತ್ತೀನಿ ಅಂತ, ಪ್ರೀತಿಯವರು ಅಂದಾಗ ಅವನು ಬಂದ, ದಿನಾ ಕಣ್ಣಿಗೆ ಬೀಳುವವರು ಅಂದಾಗಲೂ ಅವನೇ, ಕಂಡರಾಗದವರು ಅಂದಾಗ ಸ್ವೆಟರ್ ಕುಗ್ಗಿಸಿದಿರಿ ಅಂತ ರಂಪ ಮಾಡಿದ ಗಿರಾಕಿಯನ್ನು ಕರೆದಳು, ಗಿರಾಕಿಯನ್ನು ತಳ್ಳಿಕೊಂಡು ಮತ್ತೆ ಅವನೇ ಬಂದು ಕೂತ. ಸಿಟ್ಟು ಬಂತು, ಅಳುವೂ ಬಂತು, ಇಷ್ಟು ವರ್ಷದ ಮೇಲೂ ಈ ಮನುಷ್ಯನ ಮೇಲೆ ಇಷ್ಟೊಂದು ಆಸೆ ಇದೆಯಾ ಅಂತ ತನ್ನ ಮೇಲೇ ನಾಚಿಕೆಯಾಯಿತು. ಆಮೇಲೆ ಯಾರು ಬೇಕಾದರೂ ಮಾತಾಡಿ ಅಂದಾಗ ಎದ್ದವನು ಅವನು, ಮನೆಯಲ್ಲಿ ನಾಲ್ಕು ಮಾತು ಕೂಡಿಸಿ ಆಡದವನು. ಪ್ರೀತಿಯವರ ಜಾಗಕ್ಕೆ ನಮ್ಮ ಡಿಪೋದ ಕುಂಟು ನಾಯಿ ಬರುತ್ತೆ, ಅಂದ, ಯಾಕೋ ಗೊತ್ತಿಲ್ಲ, ಮನಸ್ಸು ಅರಳುತ್ತೆ. ಎಲ್ಲರೂ ನಕ್ಕರು. ಕಂಡರಾಗದವರು ಅಂದ್ರೆ ಮೊದಮೊದಲು ನನ್ನ ಹೆಂಡತಿನೇ ಬರ್ತಿದ್ಲು, ಇಲ್ಲಿದ್ಲು — ಕೈಯನ್ನು ಮೊಣಕಾಲಿನ ಹತ್ತಿರ ಹಿಡಿದು ತೋರಿಸಿದ — ಈಗ ಇಲ್ಲಿಗೆ ಬಂದಿದ್ದಾಳೆ, ದಿನಾ ಕಣ್ಣಿಗೆ ಬೀಳೋರ ಸಾಲಿಗೆ. ಕೈ ಏರಿ ಎದೆಯ ಮಟ್ಟಕ್ಕೆ ಬಂದು ನಿಂತಿತು, ಅಂಗೈ ಕೆಳಗೆ, ಬೆರಳು ನೇರ, ಗಾಳಿಯಲ್ಲಿ. ಸಿಟ್ಟಿಲ್ಲ, ಏನೂ ಇಲ್ಲ, ಹಗುರ ಆಗಿದೆ ತಾಯಿ. ಬಹಳ ಒಳ್ಳೇದು, ಅಂದಳು ಬಿಕ್ಕುಣಿ, ಅಲ್ಲಿಂದ ಮೇಲಕ್ಕೂ ದಾರಿ ಇದೆ, ಅವಸರ ಬೇಡ. ಎಲ್ಲರೂ ಕೈಮುಗಿದರು, ಅಭ್ಯಾಸಬಲದಿಂದ ಅವಳೂ ಮುಗಿದಳು.

ಏನೂ ಇಲ್ಲವಂತೆ. ಹೆಂಗಸಾಗಿದ್ದರೆ ಬೀದಿಯಲ್ಲಿ ನಿಲ್ಲಿಸಿ ಮಾನ ಹರಾಜು ಹಾಕುತ್ತಿದ್ದಳು, ಕುಂಟು ನಾಯಿಯ ಜೊತೆ ಯಾವ ಬಾಯಲ್ಲಿ ಜಗಳ ಕಾಯುವುದು? ಶತ್ರುವಾಗಿದ್ದಾಗ ಹೇಗೋ ಇದ್ದಳಲ್ಲ, ಅವನ ಎದೆಯೊಳಗೆ ಮುಳ್ಳಾಗಿಯಾದರೂ ಇದ್ದಳಲ್ಲ, ಈಗ ಆ ಮುಳ್ಳು ಕಿತ್ತು ಹಗುರವಾಗಿದ್ದಾನೆ, ಪುಣ್ಯಾತ್ಮ — ಬೆಳಗ್ಗೆ ಅವಳಿಗೆ ಕಾಫಿ ತಂದಿಟ್ಟದ್ದೂ ಅದೇ ಲೆಕ್ಕವೇ, ದಿನಾ ಕಣ್ಣಿಗೆ ಬೀಳುವವರಿಗೆ ಕೊಡುವ ಕಾಫಿ? ಅಥವಾ ಮೇಲಕ್ಕೆ ದಾರಿ ಇದೆ ಅಂದಳಲ್ಲ ಬಿಕ್ಕುಣಿ, ಆ ದಾರಿಯದ್ದೋ? ಮೋರೆ ನೋಡಿದರೆ ಗೊತ್ತಾಗುವುದಿಲ್ಲ, ಎರಡಕ್ಕೂ ಅದೇ ಮೋರೆ. ನೀರು ನಿಂತಿತು. ಬಚ್ಚಲ ಚಿಲಕ ಸರಿಯಿತು. ಅವಳ ಕೈ ಇಸ್ತ್ರಿಪೆಟ್ಟಿಗೆಯನ್ನು ಶರ್ಟಿನ ಬೆನ್ನ ಮೇಲೆ ಇಟ್ಟಿತು, ಎತ್ತಲಿಲ್ಲ, ಸುಟ್ಟ ವಾಸನೆ ಬರುತ್ತಿದೆ, ಬರಲಿ, ಹೊಗೆ ಎದ್ದಿತು, ಏಳಲಿ, ಟವೆಲು ಸುತ್ತಿಕೊಂಡು ಅವನು ಬಾಗಿಲಲ್ಲಿ, ಕಣ್ಣು ಶರ್ಟಿನ ಮೇಲೆ, ಕತ್ತಿನ ನರ ಉಬ್ಬಿತು, ಅಯ್ಯೋ ಆ ನರ, ಎಷ್ಟು ದಿನವಾಯಿತು ಅದನ್ನು ನೋಡಿ, ಲೇ — ಅಂದ, ಅಂದೇಬಿಟ್ಟ, ಅವಳ ಮೈ ಜುಮ್ಮೆಂದಿತು, ಪೆಟ್ಟಿಗೆ ಎತ್ತುವ ಗಡಿಬಿಡಿಯಲ್ಲಿ ಬೆರಳು ಚುರ್ರೆಂದಿತು, ಬೈಯಿ, ನಿನಗೆ ಕಣ್ಣು ಕಾಣಲ್ವಾ ಅನ್ನು, ನಮ್ಮಪ್ಪನ ಮನೆಯ ತನಕ ಹೋಗಿ ಬಾ, ನಾನೂ ಒಂದು ಕೈ ನೋಡ್ತೀನಿ — ಅವನು ಕಣ್ಣು ಮುಚ್ಚಿದ. ಉಸಿರು ಒಳಗೆ, ಉಸಿರು ಹೊರಗೆ. ನರ ಇಳಿಯಿತು. ಇನ್ನೊಂದು ಶರ್ಟಿದೆ ಬಿಡು, ಅಂದ, ಕೈಗೇನಾದ್ರೂ ತಾಗ್ತಾ? ಬ್ರೇಕ್ ಹಾಕಿದಾಗ ಮುಗ್ಗರಿಸಿದ ಪ್ರಯಾಣಿಕರನ್ನು ಇವನು ಹೀಗೇ ಕೇಳುತ್ತಾನೆ, ಇದೇ ದನಿ — ಅಲ್ಲ, ಕೊನೆಗೆ ದನಿ ಒಂಚೂರು ನಡುಗಿತೇ, ನಡುಗಿದ್ದು ಸಿಟ್ಟು ನುಂಗಿದ್ದಕ್ಕೋ, ಬೇರೆಯದಕ್ಕೋ? ತೋರ್ಸು ಇಲ್ಲಿ. ಇಲ್ಲ, ಏನೂ ತಾಗಿಲ್ಲ, ಅಂದಳು, ಬೊಬ್ಬೆ ಏಳುತ್ತಿದ್ದ ಬೆರಳನ್ನು ಬೆನ್ನ ಹಿಂದೆ ಬಚ್ಚಿಟ್ಟುಕೊಂಡು, ಚಾಚಿದ ಅವನ ಕೈ ಹಾಗೇ ಇತ್ತು, ಹಿಂದಕ್ಕೆ ಹೋಗಲಿಲ್ಲ, ಮುಂದಕ್ಕೆ ಬರಲಿಲ್ಲ, ಎದೆಯ ಮಟ್ಟದಲ್ಲಿ, ಗಾಳಿಯಲ್ಲಿ, ಆ ಕೈ.