ಎಣಿಸದ ಹೆಂಗಸು

ಪರದೆಯ ಮೇಲಿನ ಆರ್ಜಾಗೆ ದನಿ ಇರಲಿಲ್ಲ.

ಅದೇನೂ ಹೊಸದಲ್ಲ. ಕರಾರಾ ಊರಿನ ಅಮೃತಶಿಲೆ ಗಣಿಯಲ್ಲಿ ನಿರ್ದೇಶಕ ಫೋಸ್ಕೊ ಎಂದಿನಂತೆ ಧ್ವನಿಯಿಲ್ಲದೆಯೇ ಚಿತ್ರೀಕರಿಸಿದ್ದ. ನಟರಲ್ಲದವರಿಗೆ ಮಾತು ಕಲಿಸುವ ಗೋಜಿಲ್ಲ. 'ಸಿಟ್ಟಿನಿಂದ ಒಂದು, ಎರಡು, ಮೂರು ಎಣಿಸಿ' ಎಂದರೆ ಸಾಕು, ತುಟಿ ಆಡುತ್ತದೆ. ಆಮೇಲೆ ರೋಮಿನ ಕಂಠದಾನದವರು ಮಾತು ತುಂಬುತ್ತಿದ್ದರು.

ಈ ಸಲ ಮಾತು ಆರ್ಜಾಳ ತುಟಿಗೆ ಕೂರಲೊಲ್ಲದು. ಕಂಠದಾನದ ನೆರೀನಾ 'ನಮಗೆ ನ್ಯಾಯ ಬೇಕು' ಎಂದು ಬೆಳಗಿನಿಂದ ಹೇಳಿ ಹೇಳಿ ಸೋತಿದ್ದಳು.

"ಡೈರೆಕ್ಟ್ರೇ, ಎಣಿಸೋ ಬಾಯಿಗೆ ಯಾವ ಮಾತಾದ್ರೂ ಕೂರ್ಸ್ತೀನಿ. ಈಯಮ್ಮ ಎಣಿಸ್ತಾ ಇಲ್ಲ."

ಫೋಸ್ಕೊ ಕರಾರಾದಿಂದ ಆರ್ಜಾಳನ್ನೇ ಕರೆಸಿದ. ಅವಳು ರೈಲಿಳಿದು ನೇರ ಸ್ಟುಡಿಯೋಗೆ ಬಂದು, ಚೀಲ ತೊಡೆಯ ಮೇಲಿಟ್ಟುಕೊಂಡೇ ತನ್ನ ದೃಶ್ಯ ನೋಡಿದಳು.

"ನಾನ್ಯಾಕೆ ಎಣಿಸ್ಲಿ? ಸ್ಕೂಲ್ ಹುಡುಗೀನಾ? ಗಂಡ ಸತ್ತ ಜಾಗದಲ್ಲಿ ನಿಲ್ಸಿ ಮಗ್ಗಿ ಒಪ್ಪಿಸು ಅಂದ್ರಿ."

"ಮತ್ತೇನಂದ್ರಿ ಅಕ್ಕಾ?" ಎಂದ ಫೋಸ್ಕೊ.

"ಹಗ್ಗ ಸವೆದಿದೆ ಅಂತ ಗೊತ್ತಿದ್ದೂ ನನ್ ಗಂಡನ್ನ ಬಂಡೆ ಇಳ್ಸೋಕೆ ಕಳಿಸ್ದೋನು ಬರ್ಸಾಂತಿ ಅಂದೆ. ಸುಳ್ಳಾ?"

ಹಿಂದೆ ಕೂತಿದ್ದ ನಿರ್ಮಾಪಕ ತಾರ್ಕ್ವೀನಿ ಕೆಮ್ಮಿದ. "ಗಣಿ ಮಾಲೀಕ ಬರ್ಸಾಂತಿ ಈಗ ಸೆನೆಟರ್ ಕಣಯ್ಯಾ. ಅವನ ಹೆಸರು ಕೇಳಿದ್ರೆ ಥಿಯೇಟರ್‌ನೋರು ರೀಲಿನ ಡಬ್ಬ ಕೂಡ ಬಿಚ್ಚಲ್ಲ. 'ನ್ಯಾಯ ಬೇಕು' ಅನ್ಸು ಸಾಕು. ಬರ್ಸಾಂತೀನೂ ಚಪ್ಪಾಳೆ ಹೊಡೀತಾನೆ."

ತಮಾಷೆಗೆ ಹೇಳಿದ್ದ. ಆದರೆ ಅದು ನಿಜವೆಂದು ಫೋಸ್ಕೊಗೆ ಗೊತ್ತಾಯಿತು. ಇಪ್ಪತ್ತು ವರ್ಷ ಮುಷ್ಕರ, ಗೋಲಿಬಾರು, ಭೂಮಿಯ ಹೋರಾಟ ಎಂದು ಸಿನಿಮಾ ಮಾಡಿದ್ದ. ಅವನ ರೈತರು, ಬೆಸ್ತರು, ಗಿರಣಿಯ ಹೆಂಗಸರು ಎಲ್ಲರೂ ರೋಮಿನ ಅದೇ ನಾಲ್ಕಾರು ಗಂಟಲುಗಳಲ್ಲಿ ಮಾತಾಡಿದ್ದರು. ಪತ್ರಿಕೆಗಳು ಅದನ್ನೇ ಜನರ ದನಿ ಎಂದು ಹೊಗಳಿದ್ದವು. ಅವನೂ ನಂಬಿದ್ದ.

"ನೆರೀನಾ, ಸ್ವಲ್ಪ ಜಾಗ ಬಿಡಮ್ಮ," ಎಂದ. "ಅಕ್ಕಾ, ಮೈಕ್ ಹತ್ರ ಬನ್ನಿ."

"ಎಣಿಸ್ಬೇಕಾ?"

"ಬೇಡ. ಅವತ್ತು ಅಂದಿದ್ದನ್ನೇ ಅನ್ನಿ."

"ಫೋಸ್ಕೊ, ಇದು ನಿನ್ನ ಕೊನೇ ಸಿನಿಮಾ ಆಗುತ್ತೆ," ಎಂದ ತಾರ್ಕ್ವೀನಿ.

"ಮೊದಲನೇದು ಅಂತ ಬರ್ಕೊಳ್ಳಿ."

ದೀಪ ಆರಿತು. ಆರ್ಜಾ ಮೊದಲು ಪರದೆಯ ಮೇಲಿನ ತನ್ನ ತುಟಿಗಿಂತ ಮುಂದೆ ಓಡಿದಳು, ಆಮೇಲೆ ಹಿಂದೆ ಬಿದ್ದಳು. ನೆರೀನಾ ಅವಳ ಹೆಗಲ ಮೇಲೆ ಕೈಯಿಟ್ಟು, ಮಾತು ಶುರುವಾಗುವ ಹೊತ್ತಿಗೆ ಮೆಲ್ಲಗೆ ಒತ್ತಿದಳು. ಗಣಿಯೂರಿನ ಒರಟು ಉಚ್ಚಾರದಲ್ಲಿ ಹಗ್ಗ, ಬಂಡೆ, ಬರ್ಸಾಂತಿ ಎಲ್ಲವೂ ಸರಿಯಾಗಿ ತುಟಿಯ ಮೇಲೆ ಕೂತವು. ತಾರ್ಕ್ವೀನಿ ಟೋಪಿ ತೆಗೆದುಕೊಂಡು ಎದ್ದುಹೋದ.

ಚಿತ್ರ ಕರಾರಾದಲ್ಲಿ ಬಿಡುಗಡೆಯಾಯಿತು. ಆ ದೃಶ್ಯ ಬಂದಾಗ ಗಣಿಯವರು ಕೂಗಾಡಿ ರೀಲು ಹಿಂದಕ್ಕೆ ಸುತ್ತಿಸಿ ಮತ್ತೆ ಹಾಕಿಸಿದರು. ಎರಡನೇ ಸಲ ಯಾರೂ ಕೂಗಲಿಲ್ಲ. ಪ್ರೊಜೆಕ್ಟರಿನ ಬೆಳಕಿನಲ್ಲಿ ಅವರ ತಲೆಗೂದಲ ಬಿಳಿ ಧೂಳು ಕಾಣುತ್ತಿತ್ತು.

ಚಿತ್ರ ಹಾಕಬೇಕಿದ್ದ ಐವತ್ತೇಳು ಥಿಯೇಟರುಗಳು ಕೈಬಿಟ್ಟು ಹೋದವು. ಒಬ್ಬ ನಿರ್ಮಾಪಕ ಹೋದ.