ಒಂದೂ ಗಾಡಿ ಇಲ್ಲ

ಇಸ್ತ್ರಿ ಪೆಟ್ಟಿಗೆಯಲ್ಲಿ ಕೆಂಡ ನಿಗಿನಿಗಿ ಅನ್ನುತ್ತಿರುವಾಗಲೇ ಪುರಸಭೆಯ ಲಾರಿ ಬಂತು. ಆಳುಗಳು ಇಳಿದವರೇ ಇಸ್ತ್ರಿಯವಳ ತಳ್ಳುಗಾಡಿಗೆ ಕೈ ಹಾಕಿದರು. ಬಟ್ಟೆಯ ಗಂಟು ನೆಲಕ್ಕೆ ಬಿತ್ತು. ಅವಳು ಬಿಸಿ ಪೆಟ್ಟಿಗೆ ಹಿಡಿದುಕೊಂಡೇ ಅಡ್ಡ ನಿಂತಳು.

"ಸರಿಯಮ್ಮಾ ಆಚೆ. ಕೋರ್ಟ್ ಆರ್ಡರು. ಫುಟ್‌ಪಾತ್ ಮೇಲೆ ಒಂದೂ ಗಾಡಿ ಇರಂಗಿಲ್ಲ" ಎಂದ ಮೇಸ್ತ್ರಿ.

"ಗಾಡಿ ಅಂದ್ರೆ ಕಾರು ಕಣಣ್ಣಾ! ಅಲ್ನೋಡು, ಎಮ್ಮೆ ಥರ ಸಾಲಾಗಿ ಮಲಗಿವೆ. ಅವನ್ನ ಎಳಿ."

"ಅವನ್ನ ಎಳೆಯೋಕೆ ಕ್ರೇನ್ ಬೇಕು. ಇದಕ್ಕೆ ನಾವೇ ಸಾಕು."

"ಆ ಆರ್ಡರ್ ತಂದಿದ್ದೇ ನನ್ನ ಗಂಡ!"

"ಹಾಗಾದ್ರೆ ಜಗಳ ಮನೇಲಿ ಆಡ್ಕೊ ತಾಯಿ."

ಆಳುಗಳು ನಕ್ಕರು. ಗಾಡಿ ಲಾರಿ ಹತ್ತಿತು.

ಅವಳು ಹೇಳಿದ್ದು ನಿಜ. ಹೋದ ವರ್ಷ ಅವಳ ಗಂಡ ಇಸ್ತ್ರಿಯಾದ ಬಟ್ಟೆ ಕೊಡಲು ಹೊರಟಿದ್ದ. ಫುಟ್‌ಪಾತ್ ತುಂಬ ಕಾರುಗಳಿದ್ದವು. ರಸ್ತೆಗಿಳಿದ. ಹಿಂದಿನಿಂದ ಬಂದ ಟೆಂಪೊ ಅವನ ಒಂದು ಕಾಲಲ್ಲಿ ಮೊಣಕಾಲಿನಿಂದ ಕೆಳಗೆ ಏನನ್ನೂ ಉಳಿಸಲಿಲ್ಲ. ಅದೇ ಬೀದಿಯ ವಕೀಲಮ್ಮ ಅವನ ಹೆಸರಲ್ಲಿ ಕೇಸು ಹಾಕಿ ಗೆದ್ದರು. ಫುಟ್‌ಪಾತ್ ಮೇಲಿನ ವಾಹನ ತೆಗೆಸಿ, ಅವುಗಳಿಗೆ ಬೇರೆ ಜಾಗ ಮಾಡಿ ಎಂದು ಕೋರ್ಟು ಹೇಳಿತು. ಪುರಸಭೆ ಕಿವಿಗೇ ಹಾಕಿಕೊಳ್ಳಲಿಲ್ಲ. ವಕೀಲಮ್ಮ ನ್ಯಾಯಾಂಗ ನಿಂದನೆಯ ಅರ್ಜಿ ಹಾಕಿದರು. ಕೋರ್ಟಿನ ಮಾತು ಮೀರಿದ್ದಕ್ಕೆ ತಾನೇ ಜೈಲಿಗೆ ಹೋಗಬೇಕಾದೀತು ಎಂದು ತಿಳಿದ ಮೇಲೆ ಪುರಸಭೆಯ ಅಧಿಕಾರಿಯ ನಿದ್ದೆ ಹಾರಿತು. ನಾಳೆಯೇ ವಿಚಾರಣೆ. ಅದಕ್ಕೇ ಈ ಲಾರಿ.

ಮರುದಿನ ಕೋರ್ಟಿನಲ್ಲಿ ಅಧಿಕಾರಿ ಕೈಕಟ್ಟಿ ನಿಂತಿದ್ದ.

"ಆದೇಶ ಪಾಲಿಸಿದ್ದೀವಿ ಸ್ವಾಮಿ. ಗಾಡಿಗಳನ್ನೆಲ್ಲ ಎತ್ತಿಸಿಬಿಟ್ವಿ. ಈಗ ಆ ಬೀದೀಲಿ, ಫುಟ್‌ಪಾತ್ ಮೇಲೆ ಒಂದೂ ಗಾಡಿ ಇಲ್ಲ."

"ಎತ್ತಿಸಿದ್ದು ಬಡವರ ತಳ್ಳುಗಾಡಿ. ಕಾರುಗಳು ಹಾಗೇ ಇವೆ" ಎಂದರು ವಕೀಲಮ್ಮ.

"ಆಕ್ಷೇಪಣೆ ಬರೆದು ಕೊಡಿ. ಮುಂದಿನ ತಿಂಗಳು ನೋಡೋಣ" ಎಂದರು ನ್ಯಾಯಾಧೀಶರು.

ಇಸ್ತ್ರಿಯವಳು ಎದ್ದೇಬಿಟ್ಟಳು. "ಅಲ್ಲೀತನಕ ನಮ್ಮ ಒಲೆ ಉರಿಯೋದು ಹೇಗೆ ಸ್ವಾಮಿ?"

"ಹೀಗೆ ಕೂಗಾಡಿದರೆ ನಿಮ್ಮ ಮೇಲೇ ನಿಂದನೆ ಹಾಕಬೇಕಾಗುತ್ತೆ. ಕೂತ್ಕೊಳ್ಳಿ."

ಕೂತಳು.

ಮನೆಗೆ ಬಂದು ಗಂಡ ಊರುಗೋಲನ್ನು ಗೋಡೆಗೆ ಒರಗಿಸಿದ. "ಕಾಲೂ ಹೋಯ್ತು, ಗಾಡೀನೂ ಹೋಯ್ತು. ನಾನು ಕೋರ್ಟಿನ ಮೆಟ್ಟಿಲು ಹತ್ತಬಾರದಿತ್ತು ಕಣೇ."

"ಹತ್ತಿದ್ದು ತಪ್ಪಲ್ಲ ರೀ. ಆ ಅಧಿಕಾರಿ ಏನಂದ, ಕೇಳಿಸ್ಕೊಂಡ್ರಾ? ಒಂದೂ ಗಾಡಿ ಇಲ್ಲ ಅಂದ."

"ಅಂದ. ಅದಕ್ಕೇನೀಗ?"

ಅವಳು ದಪ್ಪ ಕಂಬಳಿ ಹುಡುಕಿ ಮಡಿಸತೊಡಗಿದಳು.

ಬೆಳಿಗ್ಗೆ ಫುಟ್‌ಪಾತ್ ಮೇಲೆ ಕಾರುಗಳು ಎಂದಿನಂತೆ ಸಾಲುಗಟ್ಟಿದ್ದವು. ಎಲ್ಲಕ್ಕಿಂತ ದೊಡ್ಡದಾದ ಬಿಳಿ ಕಾರಿನ ಬಾನೆಟ್ ಮೇಲೆ ಅವಳು ಕಂಬಳಿ ಹಾಸಿದಳು. ಪೆಟ್ಟಿಗೆಗೆ ಕೆಂಡ ತುಂಬಿ ಅಂಗಿ ತೀಡಲು ನಿಂತಳು. ಗಾಡಿ ಕಳೆದುಕೊಂಡಿದ್ದ ಸೊಪ್ಪಿನವಳು ಕಣ್ಣರಳಿಸಿ ನೋಡಿದಳು.

"ಅಕ್ಕಾ, ಆ ಕೆಂಪಿಂದು ನಂಗಿರಲಿ. ಸೊಪ್ಪಿಗೆ ಒಪ್ಪುತ್ತೆ."

ಚಪ್ಪಲಿ ಹೊಲಿಯುವ ಅಜ್ಜ ತನ್ನ ಪೆಟ್ಟಿಗೆಯನ್ನು ಇನ್ನೊಂದು ಕಾರಿನ ಮೇಲಿಟ್ಟ. "ನಂಗೆ ಗಿಡ್ಡದೇ ಸಾಕು, ಸೊಂಟ ನೋವು" ಎಂದ. ಬೀದಿಯ ಜನ ಸೇರಿದರು.

ಬಿಳಿ ಕಾರಿನವನು ಓಡಿ ಬಂದ. "ಯಾವಳೇ ಅದು? ನನ್ನ ಗಾಡಿ ಮೇಲೆ ಕೆಂಡ ಇಟ್ಟಿದ್ದೀಯಾ?"

ಅವಳ ಕೈ ನಿಲ್ಲಲಿಲ್ಲ. "ಗಾಡೀನಾ? ಎಲ್ಲಿದೆ ಸ್ವಾಮಿ ಗಾಡಿ? ಇಲ್ಲಿ ಒಂದೂ ಇಲ್ಲ ಅಂತ ನಿನ್ನೆ ಕೋರ್ಟಲ್ಲೇ ಹೇಳಿದ್ದಾರೆ."

ಅವನು ಫೋನ್ ಮಾಡಿದ. ಅಧಿಕಾರಿಯ ಜೀಪು ಬಂತು. ನಿಲ್ಲಲು ಜಾಗ ಸಿಗದೆ ಅದೂ ಫುಟ್‌ಪಾತ್ ಹತ್ತಿತು.

ಗಂಡ ಊರುಗೋಲು ಊರಿಕೊಂಡು ಎದುರು ಬಂದ. "ಸಾಹೇಬ್ರೇ, ಇವರು ಇದನ್ನ ಗಾಡಿ ಅಂತಾರೆ. ನೀವು ಇಲ್ಲಿ ಗಾಡೀನೇ ಇಲ್ಲ ಅಂದ್ರಿ. ಯಾವುದು ನಿಜ, ಹೇಳಿಬಿಡಿ."

ಅಧಿಕಾರಿ ಬಾಯಿ ತೆರೆದ. ಜನರ ನಡುವೆ ನಿಂತಿದ್ದ ವಕೀಲಮ್ಮ ಕಂಡರು. ಬಾಯಿ ಮುಚ್ಚಿಕೊಂಡ.

"ಹೇಳ್ರೀ! ನನ್ನ ಗಾಡಿ ಅಲ್ವೇನ್ರೀ ಇದು?" ಕಾರಿನವನು ಕಿರುಚಿದ.

ಇಸ್ತ್ರಿಯವಳು ಇನ್ನೊಂದು ಅಂಗಿ ಹರಡಿ ನೀರು ಚಿಮುಕಿಸಿದಳು.

"ನಿಧಾನಕ್ಕೆ ಹೇಳಲಿ ಬಿಡಿ. ಅಲ್ಲೀತನಕ ನಾವು ಕೆಲಸ ಮಾಡ್ತಿರ್ತೀವಿ."