ಮೊದಲ ತುತ್ತು

ನಾಗಣ್ಣ ನಾಯಿಯ ಕೊರಳ ಬೆಲ್ಟಿಗೆ ಕೈಹಾಕಿ ಎಳೆದ. ಅದು ನಾಲ್ಕೂ ಕಾಲು ನೆಲಕ್ಕೆ ಊರಿತು. ಹೊಸ್ತಿಲ ಪಕ್ಕದ ತನ್ನ ತಟ್ಟೆ ಬಿಟ್ಟು ಕದಲಲಿಲ್ಲ.

"ಅತ್ತಿಗೆ, ಅಣ್ಣನ್ನ ಎತ್ತೋ ಹೊತ್ತಾತು. ಇದು ನೋಡಿದ್ರೆ ದಾರಿಗೆ ಅಡ್ಡ ಕುಂತೈತೆ."

"ಎಳೀಬ್ಯಾಡಪ್ಪ. ಇರು ಅಂತ ಹೇಳಿ ಹೋಗ್ಯಾರೆ," ಎಂದಳು ಮೀನಾಕ್ಷಿ.

ಮೊನ್ನೆ ಸಂಜೆ ಅವಳ ಗಂಡ ಜಂಪಣ್ಣ ತಟ್ಟೆಗೆ ಮುದ್ದೆ ಮುರಿದು ಹಾಕಿ, ‘ಇರು’ ಅಂದು, ಕೈ ತೊಳೆಯಲು ಹಿತ್ತಿಲಿಗೆ ಹೋದವನು ಅಲ್ಲೇ ಬಿದ್ದಿದ್ದ. ದುರ್ಗದ ಆಸ್ಪತ್ರೆಯಿಂದ ಇವತ್ತು ಬೆಳಿಗ್ಗೆ ಹೆಣವಾಗಿ ಬಂದ. ಮೊನ್ನೆಯಿಂದ ಅವನ ನಾಯಿ ಗಾರ್ಡ್ ನೀರನ್ನೂ ಮುಟ್ಟಿಲ್ಲ. ಪಕ್ಕದ ಮನೆಯ ರೌಫ್ ತಂದಿಟ್ಟ ಹಾಲು ಕೆನೆಗಟ್ಟಿತ್ತು.

ಅಂಗಳದಲ್ಲಿ ಯಾರೋ ಮೆಲ್ಲಗೆ ಅಂದರು, "ಮೂವತ್ತು ವರ್ಷ ರೈಲ್ವೆ ಗೇಟಲ್ಲಿ ನಮ್ಮನ್ನ ನಿಲ್ಸ್ದ ಪುಣ್ಯಾತ್ಮ. ಹಾರ್ನ್ ಹೊಡುದ್ರೆ ಬೀಡಿ ಹಚ್ಕಂಡು ಕೂರೋನು."

"ಇವತ್ತೂ ನಿಲ್ಸವ್ನೆ ನೋಡು."

ಮೀನಾಕ್ಷಿ ನಗಲಿಲ್ಲ. ನಾಯಿಯ ಪಕ್ಕೆಲುಬು ಏರಿ ಇಳಿಯುವುದನ್ನೇ ನೋಡುತ್ತಿದ್ದಳು. ಅವನನ್ನು ಎತ್ತಿದ ಮೇಲೆ ಇದನ್ನು ಉಣ್ಣಿಸುವವರು ಯಾರು?

*

ಇದಕ್ಕೂ ಹಿಂದಿನ ನಾಯಿ, ಮುಚ್ಚಿದ್ದ ರೈಲ್ವೆ ಗೇಟಿನಡಿ ನುಸುಳಿ ಗೂಡ್ಸ್ ಗಾಡಿಗೆ ಸಿಕ್ಕಿತ್ತು. ಜಂಪಣ್ಣನೇ ಅದನ್ನು ಗೋಣಿಚೀಲಕ್ಕೆ ತುಂಬಿ ತಂದಿದ್ದ. ವಾರದೊಳಗೆ ಗಾರ್ಡ್ ಮರಿಯಾಗಿ ಮನೆಗೆ ಬಂತು. ಅಂದೇ ಪಾಠ ಶುರು.

ತಟ್ಟೆ ಇಟ್ಟು ‘ಇರು’ ಅನ್ನುವನು. ಮರಿ ನುಗ್ಗಿದರೆ ಅಂಗೈಯಿಂದ ತಟ್ಟೆ ಮುಚ್ಚುವನು. ಹೊಡೆಯಲಿಲ್ಲ, ಬೈಯಲಿಲ್ಲ. ಮತ್ತೆ ಇಡುವನು. ತಾನು ಮೊದಲ ತುತ್ತು ಸಾರಲ್ಲಿ ಅದ್ದಿ ನುಂಗಿ, ಗಂಟಲು ಅಲುಗಿದ ಮೇಲೆಯೇ ಅದು ಬಾಯಿ ಹಾಕಬೇಕು. ಕಲಿಯಲು ಮೂರು ತಿಂಗಳು ಹಿಡಿಯಿತು.

"ಪಾಪ, ಜೊಲ್ಲು ಸುರುಸ್ತೈತೆ, ಬಿಡ್ರಿ."

"ತಡ್ಕಂಡ್ರೆ ಜೀವ ಉಳೀತೈತೆ ಕಣೆ."

"ನಂಗೂ ಹಿಂಗೇ ಕಲ್ಸೀರಿ," ಅಂದಿದ್ದಳು ಮೀನಾಕ್ಷಿ, ಸೌಟು ಹಿಡಿದು ನಿಂತು. ಅವನು ನಕ್ಕು ಇನ್ನಷ್ಟು ಸಾರು ಹಾಕಿಸಿಕೊಂಡ. ಅವನು ಉಂಡು ಎದ್ದ ಮೇಲೆ ಅವಳ ಊಟ.

*

"ಬಾಯಿಗೆ ಅಕ್ಕಿ ಹಾಕೋರು ಬರ್ರಿ," ನಾಗಣ್ಣ ಕೂಗಿದ.

ರೌಫ್ ನಾಯಿಯ ಬಳಿ ಕುಕ್ಕರುಗಾಲಲ್ಲಿ ಕುಂತಿದ್ದ. "ಅಕ್ಕ, ಇದನ್ನ ಡಾಕ್ಟ್ರತ್ರ ಕರ್ಕಂಡು ಹೋಗ್ಲಾ? ಕಣ್ಣು ಒಳಕ್ಕೆ ಹೋಗವೆ."

"ಒಂದ್ ಗಳಿಗೆ ಇರು ರೌಫಣ್ಣ. ಅವರ ಮುಖ ಅದಕ್ಕೆ ಕಾಣ್ಲಿ. ಅಡ್ಡ ನಿಂತೋರು ಸರೀರಿ."

ಜನ ಸರಿದರು. ಮೀನಾಕ್ಷಿ ಗಂಡನ ಗದ್ದಕ್ಕೆ ಕಟ್ಟಿದ್ದ ಬಟ್ಟೆ ಸಡಿಲಿಸಿದಳು. ನಾಲ್ಕು ಕಾಳು ಅಕ್ಕಿಯನ್ನು ತುಟಿಯೊಳಗೆ ತಳ್ಳಿ, ಒಂದು ಚಮಚ ಹಾಲು ಬಿಟ್ಟಳು. ಹಾಲು ಒಳಗಿಳಿಯಲಿಲ್ಲ. ಅವಳು ಅವನ ತಲೆಯನ್ನು ತುಸು ಎತ್ತಿದಳು.

ಗಂಟಲು ಅಲುಗಿತು.

ಬೆನ್ನ ಹಿಂದೆ ತಗಡಿನ ತಟ್ಟೆ ನೆಲಕ್ಕೆ ಉಜ್ಜಿದ ಸದ್ದು. ಆಮೇಲೆ ನಾಲಿಗೆಯ ಸದ್ದು, ಬಿಡದೆ. ರೌಫ್ ಎದ್ದು ಎರಡು ಹೆಜ್ಜೆ ಹಿಂದೆ ಸರಿದ.

ಮೀನಾಕ್ಷಿ ಆ ತಲೆಯನ್ನು ಇನ್ನೂ ಇಳಿಸಿರಲಿಲ್ಲ. ಮೊನ್ನೆ ಮಧ್ಯಾಹ್ನದಿಂದ ಅವಳೂ ಉಂಡಿರಲಿಲ್ಲ. ಒಮ್ಮೆಲೇ ಬಾಯಿ ತುಂಬ ನೀರೂರಿತು. ಸೆರಗಿನಿಂದ ಬಾಯಿ ಒತ್ತಿ ಹಿಡಿದಳು.

"ಅಳ್ಲಿ ಬಿಡ್ರಿ," ಅಂದರು ಯಾರೋ.